ನಾವು ಬಂದ ಹಾದಿ
(ಯುದ್ಧಕಾಲದ ರೈಲು ನೆಲೆಗಳಿಗೆ ಒಂದು ದಿನದ ಪ್ರವಾಸವನ್ನು ಕುರಿತು ಸಂಘದ ಸಭೆಯಲ್ಲಿ ಮಾಡಿದ ಭಾಷಣ)



ರಾಜ್ಯೋತ್ಸವದ ಸಭೆಯಲ್ಲಿ ನಾಡಿನ ಹಿರಿಮೆಯನ್ನು ಕುರಿತು ಮಾತನಾಡುವುದು ವಾಡಿಕೆ. ಕದಂಬರಿಂದ ಹೊರಟು ವಿಜಯನಗರದವರೆಗೆ ನಡೆದುಬರುವ ಆ ದಾರಿ ತಮಗೆಲ್ಲ ಚೆನ್ನಾಗಿ ತಿಳಿದದ್ದೇ. ಈ ಹೊತ್ತು ನಾನು ಅಷ್ಟು ಹಿಂದೆ ಹೋಗುವುದಿಲ್ಲ. ನಮ್ಮಲ್ಲಿ ಅನೇಕರ ಹಿರಿಯರು ಯಾವ ಹಾದಿಯಲ್ಲಿ ಈ ಪುಣೆಗೆ ಬಂದರೋ ಆ ರೈಲು ಹಾದಿಯ ಮಾತನ್ನಷ್ಟೇ ಆಡುತ್ತೇನೆ. ಎರಡನೆಯ ಮಹಾಯುದ್ಧದ ಕಾಲದಲ್ಲಿ ಆ ಹಾದಿಯಲ್ಲಿಯೂ ಅದರ ಸುತ್ತಮುತ್ತಲೂ ನಡೆದ ಸಂಗತಿಗಳು ಸಣ್ಣವಲ್ಲ. ಅವು ನಡೆದ ಸ್ಥಳಗಳಿಗೆ, ತಿಳಿದವರೊಬ್ಬರನ್ನು ಮುಂದಿಟ್ಟುಕೊಂಡು, ನಮ್ಮ ಮಕ್ಕಳನ್ನು ಒಂದು ದಿನದ ಪ್ರವಾಸಕ್ಕೆ ಕರೆದೊಯ್ಯಬೇಕೆಂಬುದು ನನ್ನ ಬಿನ್ನಹ.

ಪ್ರವಾಸವೆಂದರೆ ನಮ್ಮವರು ಮಹಾಬಳೇಶ್ವರವನ್ನೋ ಪಂಢರಪುರವನ್ನೋ ನೆನೆಯುತ್ತಾರೆ. ಈಗೀಗ ಅನುಕೂಲಸ್ಥರು ಥೈಲ್ಯಾಂಡಿಗೂ ಹೋಗಿ ಬರುತ್ತಾರೆ. ಅಲ್ಲಿ ಬ್ಯಾಂಕಾಕಿನಿಂದ ಕಾಂಚನಬುರಿಗೆ ಒಂದು ದಿನದ ಪ್ರವಾಸವುಂಟು. ಜಪಾನೀಯರು 1942-43ರಲ್ಲಿ ಬರ್ಮಾಕ್ಕೆ ಹಾಕಿಸಿದ 415 ಕಿಲೋಮೀಟರ್ ಉದ್ದದ ರೈಲು ಹಾದಿಯನ್ನೂ, ಕ್ವೇ ನದಿಯ ಸೇತುವೆಯನ್ನೂ, ಯುದ್ಧಕೈದಿಗಳ ಗೋರಿಗಳನ್ನೂ ಅಲ್ಲಿ ತೋರಿಸುತ್ತಾರೆ. ಆ ಹಾದಿಗೆ 12,000ಕ್ಕೂ ಹೆಚ್ಚು ಕೈದಿಗಳು ಬಲಿಯಾದರು. ಅವರಲ್ಲಿ ಸಾವಿರಾರು ಜನರ ಹೆಸರು ಅಲ್ಲಿ ಕಲ್ಲಿನ ಮೇಲಿದೆ. ಅವರಿಗಿಂತ ಎಷ್ಟೋ ಪಟ್ಟು ಹೆಚ್ಚು ಸತ್ತವರು ಏಷ್ಯಾದ ಕೂಲಿಗಳು. ಅವರಲ್ಲಿ ಮಲಯದ ರಬ್ಬರ್ ತೋಟಗಳಿಂದ ಹೋದ ತಮಿಳರೂ ಬಹಳ ಮಂದಿ. ಅವರ ಪೈಕಿ ಹೆಚ್ಚಿನವರಿಗೆ ಹೆಸರಿನ ಕಲ್ಲೂ ಇಲ್ಲ. ಯುದ್ಧದ ನೆಲೆಗಳನ್ನು ನೋಡಹೋಗುವವರು ಈ ಮಾತನ್ನು ಮನಸ್ಸಿನಲ್ಲಿಟ್ಟುಕೊಳ್ಳಬೇಕು. ಕಲ್ಲು ಯಾರ ಹೆಸರನ್ನು ಹೇಳುತ್ತದೆ, ಯಾರದನ್ನು ಹೇಳುವುದಿಲ್ಲ ಎಂದು ಕೇಳಿಕೊಳ್ಳಬೇಕು. ಈ ಪ್ರಶ್ನೆಯನ್ನು ಕೇಳಲು ಥೈಲ್ಯಾಂಡಿಗೇ ಹೋಗಬೇಕಾಗಿಲ್ಲ. ಲೋಕಲ್ ಗಾಡಿಯ ಟಿಕೀಟು ಸಾಕು.

ಮೊದಲು ಪುಣೆಯ ನಿಲ್ದಾಣವನ್ನೇ ನೋಡೋಣ. ದಿನವೂ ನೋಡುವ ನಿಲ್ದಾಣದಲ್ಲಿ ಇನ್ನೇನಿದೆ ಎನ್ನಬೇಡಿ. ಮುಂಬಯಿಯಿಂದ ಬರುವ ಜಿ.ಐ.ಪಿ. ರೈಲ್ವೆಯ ಹಾದಿ ಬ್ರಾಡ್‌ಗೇಜ್. ಹಳಿಯಿಂದ ಹಳಿಗೆ 1.676 ಮೀಟರ್ ಅಂತರ. ಇಲ್ಲಿಂದ ಮಿರಜ, ಬೆಳಗಾವಿಗಳ ಮೇಲೆ ಲೋಂಡಾಕ್ಕೆ ಸದರ್ನ್ ಮರಾಠಾ ರೈಲ್ವೆಯವರು ಹತ್ತೊಂಬತ್ತನೆಯ ಶತಮಾನದ ಕೊನೆಯಲ್ಲಿ ಹಾಕಿದ ಹಾದಿ ಮೀಟರ್‌ಗೇಜ್. ಅಂತರ 1 ಮೀಟರ್ ಮಾತ್ರ. ಮುಂದೆ 1908ರಲ್ಲಿ ಇದು ಮದ್ರಾಸ್ ಮತ್ತು ಸದರ್ನ್ ಮರಾಠಾ ರೈಲ್ವೆಗೆ ಸೇರಿತು. ಅಗಲ ಬೇರೆಯಾದ್ದರಿಂದ ಒಂದರ ಗಾಡಿ ಇನ್ನೊಂದರ ಮೇಲೆ ಓಡುವಂತಿರಲಿಲ್ಲ. ಮುಂಬಯಿಯಿಂದ ಬಂದ ಸರಕನ್ನು ಇಲ್ಲಿ ಇಳಿಸಿ, ಹೊತ್ತು, ಮತ್ತೆ ತುಂಬಿದ ಮೇಲೆಯೇ ಅದು ನಮ್ಮ ಸೀಮೆಗೆ ಹೊರಡಬೇಕು. ಶಾಂತಿಕಾಲದಲ್ಲಿಯೇ ಇದು ದೊಡ್ಡ ಕೆಲಸ, ಯುದ್ಧಕಾಲದಲ್ಲಿ ಕೇಳುವುದೇನು? ಮುಂಬಯಿ ಬಂದರು ಒಂದು ಕಡೆ, ಪುಣೆ-ಖಡಕಿಗಳ ದಂಡು ಮತ್ತು ಮದ್ದುಗುಂಡಿನ ಕಾರಖಾನೆ ಇನ್ನೊಂದು ಕಡೆ. ನಡುವೆ ಹಮಾಲರ ಹೆಗಲು. ಆ ಹೆಗಲುಗಳಿಗೆ ಎಲ್ಲಿಯೂ ಸ್ಮಾರಕವಿಲ್ಲ. ಪುಣೆ-ಮಿರಜ ಹಾದಿ 1971ರಲ್ಲಿ ಬ್ರಾಡ್‌ಗೇಜ್ ಆಯಿತು. ಮಿರಜದಿಂದಾಚೆಯದು 1990ರ ದಶಕದಲ್ಲಿ ಆಯಿತು. ಇಂದು ಹುಬ್ಬಳ್ಳಿಯ ಗಾಡಿಯಲ್ಲಿ ಮಲಗಿದವನು ಪುಣೆಯಲ್ಲಿಯೇ ಏಳುತ್ತಾನೆ. ಒಮ್ಮೆ ಇಲ್ಲಿ ಲೋಕವೇ ಎರಡು ಅಗಲಗಳಾಗಿ ಒಡೆದಿತ್ತೆಂಬುದನ್ನು ಮಕ್ಕಳಿಗೆ ಹೇಳಿಯೇ ತಿಳಿಸಬೇಕು.

ಯುದ್ಧಕ್ಕೆ ಸರಕು ಹೋದಂತೆ ರೈಲುಗಳೂ ಹೋದವು. ಮೊದಲನೆಯ ಮಹಾಯುದ್ಧದಲ್ಲಿ ಬಸ್ರಾದ ಕಡೆ ಇಂಗ್ಲಿಷರು ಹಾಕಿದ ಮೀಟರ್‌ಗೇಜ್ ಹಾದಿಗೆ ಹಳಿಗಳೂ ಎಂಜಿನುಗಳೂ ಹಿಂದೂಸ್ಥಾನದಿಂದಲೇ ಹೋದವು. ಎರಡನೆಯ ಯುದ್ಧದಲ್ಲಿಯೂ ಹಾಗೆಯೇ. ಕೆಲವು ಕವಲು ಹಾದಿಗಳನ್ನು ಕಿತ್ತರು, ಎಂಜಿನುಗಳನ್ನೂ ಡಬ್ಬಿಗಳನ್ನೂ ಹಡಗಿಗೇರಿಸಿದರು, ರೈಲ್ವೆ ಕಾರ್ಯಾಗಾರಗಳಲ್ಲಿ ಯುದ್ಧದ ಸಾಮಾನು ಮಾಡಿಸಿದರು. ಜನರ ಗಾಡಿಗಳು ಕಡಿಮೆಯಾದವು. ಈ ದೇಶವನ್ನು ಯುದ್ಧಕ್ಕೆ ಸೇರಿಸುವಾಗ, 1939ರ ಸೆಪ್ಟೆಂಬರಿನಲ್ಲಿ, ವೈಸರಾಯರು ದೇಶದ ಪ್ರತಿನಿಧಿಗಳ ಮಾತನ್ನು ಕೇಳಿರಲಿಲ್ಲ. ಮುಂದೆ ನಡೆದದ್ದಕ್ಕೆಲ್ಲ ಇದೇ ಬೀಜ.

ನಿಲ್ದಾಣದಿಂದ ಬೆಳಗಿನ ಲೋಣಾವಳಾ ಲೋಕಲ್ ಹಿಡಿದು ಚಿಂಚವಡದಲ್ಲಿ ಇಳಿಯೋಣ. 1942ರ ಆಗಸ್ಟ್ 9ರ ಬೆಳಗಿನ ಜಾವ ಗಾಂಧೀಜಿಯವರನ್ನು ಮುಂಬಯಿಯಲ್ಲಿ ದಸ್ತಗಿರಿ ಮಾಡಿ, ವಿಶೇಷ ರೈಲಿನಲ್ಲಿ ತಂದು ಇಳಿಸಿಕೊಂಡದ್ದು ಈ ನಿಲ್ದಾಣದಲ್ಲಿ. ಮಹಾದೇವ ದೇಸಾಯಿ, ಸರೋಜಿನಿ ನಾಯಿಡು, ಮೀರಾಬೆಹನ್ ಜೊತೆಗಿದ್ದರು. ಇಲ್ಲಿಂದ ಅವರನ್ನು ಮೋಟಾರಿನಲ್ಲಿ ಆಗಾಖಾನ್ ಅರಮನೆಗೆ ಒಯ್ದರು. ನೆಹರೂ, ಪಟೇಲ್, ಆಜಾದ್ ಮೊದಲಾದ ಕಾರ್ಯಸಮಿತಿಯವರನ್ನು ಅದೇ ರೈಲು ಮುಂದೆ ಅಹಮದನಗರದ ಕೋಟೆಯ ಸೆರೆಗೆ ಸಾಗಿಸಿತು. ದೇಶದ ನಾಯಕತ್ವವೆಲ್ಲ ಒಂದು ಗಾಡಿಯಲ್ಲಿ ಕೂತು ಸೆರೆಮನೆಗೆ ಹೋಯಿತು! ಮಕ್ಕಳು ನಿಂತ ಆ ಪ್ಲಾಟ್‌ಫಾರಮಿನಲ್ಲಿ ಇಂದು ಕಾರಖಾನೆಗೆ ಹೋಗುವವರ ನೂಕುನುಗ್ಗಲು. ಸ್ಥಳ ತಾನಾಗಿ ಏನನ್ನೂ ಹೇಳುವುದಿಲ್ಲ; ಅದಕ್ಕಾಗಿಯೇ ಜೊತೆಗೆ ಹೇಳುವವನೊಬ್ಬ ಬೇಕೆನ್ನುವುದು.

ಹಿಂದಿರುಗುವಾಗ ಖಡಕಿಯಲ್ಲಿ ಇಳಿದು ರಿಕ್ಷಾ ಹಿಡಿದು ಯುದ್ಧಸ್ಮಶಾನಕ್ಕೆ ಹೋಗಬೇಕು. ‘ಮಕ್ಕಳನ್ನು ಸ್ಮಶಾನಕ್ಕೆ ಕರೆದುಕೊಂಡು ಹೋಗುವುದುಂಟೇ?’ ಎಂದು ತಾಯಂದಿರು ಕೇಳಬಹುದು. ಹೋಗಬೇಕು, ತಾಯಿ. ಅಲ್ಲಿ ಹೆದರುವಂಥದೇನೂ ಇಲ್ಲ. ಹುಲ್ಲು, ಹೂವು, ಸಾಲುಸಾಲಾಗಿ ಒಂದೇ ಎತ್ತರದ ಕಲ್ಲುಗಳು. ಎರಡನೆಯ ಯುದ್ಧದ 1,668 ಯೋಧರ ಗೋರಿಗಳು ಅಲ್ಲಿವೆ. ಪಶ್ಚಿಮ ಮತ್ತು ಮಧ್ಯ ಭಾರತದಲ್ಲಿ ಚದರಿಹೋಗಿದ್ದ, ನೋಡಿಕೊಳ್ಳುವವರಿಲ್ಲದ ಗೋರಿಗಳನ್ನು ಒಂದೆಡೆ ತಂದು ಮಾಡಿದ ಸ್ಥಳವದು. ಮೊದಲನೆಯ ಯುದ್ಧದ ಕಾಲದಲ್ಲಿ ಈ ದೇಶದಲ್ಲಿ ಸತ್ತ 1,800ಕ್ಕೂ ಹೆಚ್ಚು ಮಂದಿಯ ಹೆಸರುಗಳೂ ಅಲ್ಲಿವೆ. ಪೂರ್ವ, ಪಶ್ಚಿಮ ಆಫ್ರಿಕಗಳಿಂದ ಬಂದು ಇಲ್ಲಿಯ ಮಣ್ಣಿನಲ್ಲಿ ಕಣ್ಣುಮುಚ್ಚಿದ ಸುಮಾರು 200 ಸೈನಿಕರ ನೆನಪೂ ಇದೆ. ಯಾರದೋ ರಾಜ್ಯಕ್ಕಾಗಿ, ಯಾರದೋ ಊರಿನಲ್ಲಿ! ಹೊಟ್ಟೆಪಾಡಿಗೆ ಊರು ಬಿಟ್ಟು ಬಂದ ನಮಗೆ ಅವರ ಸಂಕಟ ಸ್ವಲ್ಪವಾದರೂ ಅರ್ಥವಾದೀತು. ಕಲ್ಲುಗಳ ಮೇಲೆ ವಯಸ್ಸು ಕೆತ್ತಿದೆ. ಇಪ್ಪತ್ತು, ಇಪ್ಪತ್ತೆರಡು. ಕಾಲೇಜಿಗೆ ಹೋಗುವ ನಮ್ಮ ಹುಡುಗರು ಅದನ್ನು ಓದಲಿ. ಅಲ್ಲಿ ಬುತ್ತಿ ಬಿಚ್ಚುವುದು, ಕೂಗಾಡುವುದು ಬೇಡ. ಊಟವನ್ನು ಹೊರಗೆ ಮುಗಿಸಿಕೊಂಡು ಹೋಗಬೇಕು.

ಮಧ್ಯಾಹ್ನ ಆಗಾಖಾನ್ ಅರಮನೆ. ಬೆಳಿಗ್ಗೆ ಚಿಂಚವಡದಲ್ಲಿ ಇಳಿದ ಮಹಾದೇವ ದೇಸಾಯಿಯವರ ಕಥೆ ಇಲ್ಲಿ ಮುಗಿಯುತ್ತದೆ. ಬಂದ ಆರೇ ದಿನಕ್ಕೆ, ಆಗಸ್ಟ್ 15ರಂದು, ಅವರು ತೀರಿಕೊಂಡರು. 1944ರ ಫೆಬ್ರುವರಿ 22ರಂದು ಕಸ್ತೂರಬಾ ತೀರಿಕೊಂಡರು. ಇಬ್ಬರ ಸಮಾಧಿಗಳೂ ಅಲ್ಲಿಯೇ ಇವೆ. ಗಾಂಧೀಜಿ 1944ರ ಮೇ 6ರಂದು ಬಿಡುಗಡೆಯಾಗಿ ಹೊರಬಂದರು. ಜೊತೆಯಲ್ಲಿ ಒಳಹೋದ ಕಾರ್ಯದರ್ಶಿಯೂ ಇಲ್ಲ, ಹೆಂಡತಿಯೂ ಇಲ್ಲ. ಇಲ್ಲಿಗೆ ನಗರದ ಪ್ರವಾಸ ಮುಗಿಯಿತು.

ಇನ್ನೊಂದು ನೆಲೆ ಉಂಟು. ಅದು ನಗರದಲ್ಲಿಲ್ಲ, ನಮ್ಮ ಹಾದಿಯ ಮೇಲೆಯೇ ಇದೆ. ಕರಾಡ ದಾಟಿದ ಮೇಲೆ ಶೇಣೋಲಿ ಎಂಬ ಸಣ್ಣ ನಿಲ್ದಾಣ ಸಿಕ್ಕುತ್ತದೆ. ರಾತ್ರಿಯ ಗಾಡಿಯಲ್ಲಿ ನಾವು ಅದನ್ನು ನಿದ್ದೆಯಲ್ಲಿ ದಾಟುತ್ತೇವೆ. 1943ರ ಜೂನ್ 7ರಂದು ಅಲ್ಲಿ ಸರಕಾರಿ ನೌಕರರ ಸಂಬಳದ ಹಣವನ್ನು ಹೊತ್ತ ಪುಣೆ-ಮಿರಜ ಗಾಡಿಯನ್ನು ತಡೆದರು. ತಡೆದವರು ಕ್ರಾಂತಿಸಿಂಹ ನಾನಾ ಪಾಟೀಲರ ಪ್ರತಿಸರಕಾರದ ತೂಫಾನ್ ಸೇನೆಯವರು. ಸಾತಾರಾ ಸೀಮೆಯ ನೂರಾರು ಹಳ್ಳಿಗಳಲ್ಲಿ ಆಗ ಇಂಗ್ಲಿಷರ ಆಡಳಿತವನ್ನು ಬದಿಗಿಟ್ಟು ಜನರೇ ನ್ಯಾಯ, ದವಸಧಾನ್ಯಗಳ ವ್ಯವಸ್ಥೆ ನಡೆಸುತ್ತಿದ್ದರು. ಹಳಿಯ ಮೇಲೆ ಕಲ್ಲು ಪೇರಿಸಿ ಗಾಡಿಯನ್ನು ನಿಲ್ಲಿಸಿದರು. ಅದು ಹಿಂದೆ ಸರಿಯದಂತೆ ಹಿಂಭಾಗದಲ್ಲಿಯೂ ಕಲ್ಲು ಪೇರಿಸಿದರು. ಮುಂದಾಳುಗಳಲ್ಲಿ ಕುಂಡಲದ ಜಿ. ಡಿ. ಬಾಪು ಲಾಡರೂ ‘ಕ್ಯಾಪ್ಟನ್ ಭಾವು’ ಎಂದು ಹೆಸರಾದ ರಾಮಚಂದ್ರ ಶ್ರೀಪತಿ ಲಾಡರೂ ಇದ್ದರು. ನೂರರ ಹತ್ತಿರ ಬಾಳಿ 2022ರಲ್ಲಿ ತೀರಿಕೊಂಡ ಕ್ಯಾಪ್ಟನ್ ಭಾವು, ಅದನ್ನು ಲೂಟಿಯೆಂದರೆ ಕೊನೆಯವರೆಗೂ ಒಪ್ಪುತ್ತಿರಲಿಲ್ಲ. ಜನರಿಂದ ಹೋದದ್ದನ್ನು ಜನರಿಗೆ ಮರಳಿ ತಂದೆವು ಎನ್ನುತ್ತಿದ್ದರು. ಅಲ್ಲಿ ಆ ಕಾರ್ಯದ ನೆನಪಿಗೆ ಒಂದು ಸಣ್ಣ ಸ್ಮಾರಕವಿದೆ. ಅದಕ್ಕೆ ಬೇರೊಂದು ದಿನ ಬೇಕು. ಹಳಿ ದಾಟುವ ಸಾಹಸ ಮಾಡದೆ, ಊರಿನ ಹಿರಿಯರೊಬ್ಬರನ್ನು ಜೊತೆಗೆ ಕರೆದುಕೊಂಡು ನೋಡಬೇಕು.

‘ಇದೆಲ್ಲ ಸರಿ, ಇದರಲ್ಲಿ ಕನ್ನಡವೆಲ್ಲಿ?’ ಎಂದು ಕೆಲವರು ಕೇಳಿಯಾರು. ಆಗ ಸಾತಾರಾ, ಬೆಳಗಾವಿ, ಧಾರವಾಡಗಳೆಲ್ಲ ಒಂದೇ ಮುಂಬಯಿ ಪ್ರಾಂತದ ಜಿಲ್ಲೆಗಳು. ಈ ತುದಿಯಲ್ಲಿ ಗಾಡಿ ನಿಂತಂತೆ ಆ ತುದಿಯಲ್ಲಿ, ಬೆಳಗಾವಿ-ಧಾರವಾಡಗಳಲ್ಲಿ, ತಂತಿಗಳು ತುಂಡಾದವು, ನಿಲ್ದಾಣಗಳು ಸುಟ್ಟವು. ಶೇಣೋಲಿಯ ಘಟನೆಗೆ ಎರಡು ತಿಂಗಳು ಮುಂಚೆ, 1943ರ ಏಪ್ರಿಲ್ 1ರಂದು, ಹೊಸರಿತ್ತಿಯಲ್ಲಿ ಮೈಲಾರ ಮಹಾದೇವಪ್ಪನವರು ತಮ್ಮ ಇಬ್ಬರು ಸಂಗಾತಿಗಳೊಡನೆ ಗುಂಡಿಗೆ ಬಲಿಯಾದರು. ಶೇಣೋಲಿಯಿಂದ ಮಿರಜದ ಕಡೆ ಸ್ವಲ್ಪ ಮುಂದೆ ಹೋದರೆ ಕಿರ್ಲೋಸ್ಕರವಾಡಿ. ಅದನ್ನು 1910ರಲ್ಲಿ ಕಟ್ಟಿದ ಲಕ್ಷ್ಮಣರಾವ್ ಕಿರ್ಲೋಸ್ಕರರು ಹುಟ್ಟಿದ್ದು ಬೆಳಗಾವಿ ಜಿಲ್ಲೆಯ ಗುರ್ಲಹೊಸೂರಿನಲ್ಲಿ. ಎರಡು ಭಾಷೆಯವರು ಒಂದೇ ಹಾದಿಯಲ್ಲಿ ಓಡಾಡಿದರು, ಒಂದೇ ಕಾರಣಕ್ಕೆ ಸೆರೆ ಸೇರಿದರು. ಗಡಿಯ ಮಾತು ಬಂದಾಗ ಬಿಸಿಯಾಗುವ ನಮ್ಮ ಹುಡುಗರಿಗೂ, ಅವರ ಮರಾಠಿ ಗೆಳೆಯರಿಗೂ ಇದು ಗೊತ್ತಿರುವುದು ಒಳ್ಳೆಯದು. ಪ್ರವಾಸಕ್ಕೆ ಆ ಗೆಳೆಯರನ್ನೂ ಕರೆಯಿರಿ.

ದಾರಿ ತೋರುವವರಿಗೆ ಒಂದು ಮಾತು. ಖಡಕಿಯಲ್ಲಿ ಮಲಗಿದವರೂ ಶೇಣೋಲಿಯಲ್ಲಿ ಗಾಡಿ ತಡೆದವರೂ ಒಂದೇ ಯುದ್ಧದ ಕಾಲದವರು. ಒಬ್ಬರಿಗಾಗಿ ರೈಲು ಓಡಬೇಕಾಗಿತ್ತು, ಇನ್ನೊಬ್ಬರಿಗಾಗಿ ಅದು ನಿಲ್ಲಬೇಕಾಗಿತ್ತು. ಹಿಟ್ಲರನ ಸೋಲು ಲೋಕಕ್ಕೆ ಬೇಕಾಗಿತ್ತು. ಸ್ವಾತಂತ್ರ್ಯ ನಮಗೆ ಬೇಕಾಗಿತ್ತು. ಒಂದನ್ನು ಹೇಳಿ ಇನ್ನೊಂದನ್ನು ಮುಚ್ಚಿಟ್ಟರೆ ಮಕ್ಕಳಿಗೆ ಅರ್ಧ ಚರಿತ್ರೆ ಕೊಟ್ಟಂತೆ. ಎರಡನ್ನೂ ಹೇಳಿ ಸುಮ್ಮನಾಗಿರಿ. ತೂಗಿ ನೋಡುವ ಕೆಲಸ ಅವರದು.

ಕೊನೆಯದಾಗಿ ಒಂದು ಅರಿಕೆ. ಒಂದು ಕೈಯಲ್ಲಿ ಟ್ರಂಕು, ಇನ್ನೊಂದರಲ್ಲಿ ರೊಟ್ಟಿ-ಚಟ್ನಿಪುಡಿಯ ಬುತ್ತಿ ಹಿಡಿದು ಈ ನಿಲ್ದಾಣದಲ್ಲಿ ಇಳಿದ ನಮ್ಮ ಹಿರಿಯರಿಗೂ, ಹಮಾಲರಂತೆಯೇ, ಯಾವ ಕಲ್ಲೂ ಇಲ್ಲ. ಪ್ರವಾಸಕ್ಕೆ ಹೊರಡುವ ಮೊದಲು ಪ್ರತಿಯೊಂದು ಮನೆಯಲ್ಲಿಯೂ ಮಕ್ಕಳು ಅಜ್ಜನನ್ನೋ ಅಜ್ಜಿಯನ್ನೋ ಕೇಳಿ, ಈ ಮನೆತನದವರು ಮೊದಲು ಯಾವ ಊರಿನಿಂದ, ಯಾವ ವರ್ಷ, ಯಾವ ಗಾಡಿಯಲ್ಲಿ ಪುಣೆಗೆ ಬಂದರೆಂಬುದನ್ನು ಒಂದು ಹಾಳೆಯಲ್ಲಿ ಬರೆದುಕೊಂಡು ಬರಲಿ. ಆ ಹಾಳೆಗಳನ್ನು ಸಂಘದ ಕಪಾಟಿನಲ್ಲಿ ಜೋಪಾನವಾಗಿಡೋಣ. ಹೇಳಬಲ್ಲವರು ಇನ್ನೂ ನಮ್ಮ ನಡುವೆ ಇರುವಾಗಲೇ ಈ ಕೆಲಸ ಆಗಬೇಕು.