ಭಾರವಿಲ್ಲದ ಊರಿನಲ್ಲಿ ಹೆಸರುಕಾಳು

(ಬೆಲ್ಲದ ಬಾಗೇವಾಡಿಯಲ್ಲಿ ರೈತರು ಮತ್ತು ವಿದ್ಯಾರ್ಥಿಗಳ ಮುಂದೆ ಮಾಡಿದ ಉಪನ್ಯಾಸದ ಬರಹರೂಪ)



ಮಳೆಗಾಳಿಗೆ ಕಬ್ಬು ಮಲಗಿದ ಹೊಲವನ್ನು ತಾವೆಲ್ಲರೂ ಕಂಡವರೇ. ಕೆಲವು ದಿನ ಬಿಟ್ಟು ಅದೇ ಹೊಲಕ್ಕೆ ಹೋದರೆ ನೆಲಕ್ಕೊರಗಿದ ಕಬ್ಬಿನ ಸುಳಿಗಳು ಪುನಃ ಆಕಾಶದತ್ತ ತಿರುಗಿರುತ್ತವೆ. ಗಣ್ಣಿನ ಬಳಿ ಕೆಳಮಗ್ಗುಲು ಹೆಚ್ಚು ಬೆಳೆದು ಗಳವನ್ನು ಮೇಲಕ್ಕೆ ಬಾಗಿಸಿರುತ್ತದೆ. ಬೆಳಕನ್ನು ಅರಸಿ ಹಾಗೆ ತಿರುಗಿತೆಂದು ಹೇಳಬಹುದು. ಆದರೆ ಕತ್ತಲೆಯ ಕೋಣೆಯಲ್ಲಿ ಅಡ್ಡ ಮಲಗಿಸಿದ ಸಸಿಯೂ ಹೀಗೆಯೇ ಏಳುತ್ತದೆ, ಅದರ ಬೇರು ಹೀಗೆಯೇ ಇಳಿಯುತ್ತದೆ. ಹಾಗಾದರೆ ಮೇಲೆ ಯಾವುದು, ಕೆಳಗೆ ಯಾವುದು ಎಂಬುದನ್ನು ಅದಕ್ಕೆ ತಿಳಿಸುವವರು ಯಾರು? ಗುರುತ್ವಾಕರ್ಷಣೆ ಎಂಬುದು ಪುಸ್ತಕದ ಉತ್ತರ. ಶಾಲೆಯಲ್ಲಿ ಇದನ್ನು ಗುರುತ್ವಾನುವರ್ತನೆ ಎಂದು ಓದಿದ್ದೀರಿ. ಆದರೆ ಒಂದು ಬಲದ ಪರಿಣಾಮವನ್ನು ಸಾಬೀತುಪಡಿಸಬೇಕಾದರೆ ಆ ಬಲವನ್ನು ತೆಗೆದು ನೋಡಬೇಕು. ಗೊಬ್ಬರದ ಪ್ರಯೋಗ ಮಾಡುವಾಗ ಒಂದು ತಾಕಿಗೆ ಗೊಬ್ಬರ ಹಾಕದೆ ಬಿಡುತ್ತೇವಲ್ಲ, ಹಾಗೆ. ಭೂಮಿಯ ಮೇಲೆ ಗುರುತ್ವವಿಲ್ಲದ ತಾಕು ಎಲ್ಲಿದೆ?

ಮಲೆನಾಡಿನ ಇಳಿಜಾರಿನಲ್ಲಿ ವಾಸಿಸುವವರಿಗೆ ಇದು ಬರಿಯ ಕುತೂಹಲದ ಮಾತಲ್ಲ. 2024ರ ಜುಲೈ 16ರಂದು ಅಂಕೋಲಾ ತಾಲ್ಲೂಕಿನ ಶಿರೂರಿನಲ್ಲಿ ಗುಡ್ಡ ಕುಸಿದುದನ್ನು ಮರೆತಿಲ್ಲ. ಮಣ್ಣನ್ನು ಕೆಳಗೆಳೆಯುವುದೂ ಗುರುತ್ವವೇ, ಆ ಮಣ್ಣನ್ನು ಹಿಡಿದಿಡುವ ಬೇರಿಗೆ ದಾರಿ ತೋರುವುದೂ ಅದೇ.

ಮೊದಲು ಒಂದು ತಪ್ಪು ತಿಳಿವಳಿಕೆಯನ್ನು ನಿವಾರಿಸಿಕೊಳ್ಳೋಣ. ಬಾಹ್ಯಾಕಾಶ ನಿಲ್ದಾಣದಲ್ಲಿ ಗುರುತ್ವವೇ ಇಲ್ಲವೆಂದು ಪತ್ರಿಕೆಗಳು ಬರೆಯುತ್ತವೆ. ಅದು ನಿಜವಲ್ಲ. ನಿಲ್ದಾಣವಿರುವುದು ಸುಮಾರು 400 ಕಿ.ಮೀ. ಎತ್ತರದಲ್ಲಿ. ಅಷ್ಟೆತ್ತರದ ಗೋಪುರ ಕಟ್ಟಿ, ಅದರ ತುದಿಯಲ್ಲಿ 10 ಕೆ.ಜಿ.ಯ ಬೆಲ್ಲದ ಪೆಂಟೆಯನ್ನು ಸ್ಪ್ರಿಂಗ್ ತಕ್ಕಡಿಗೆ ತೂಗುಹಾಕಿದರೆ ಅದು ಸುಮಾರು 8.8 ಕೆ.ಜಿ. ತೋರಿಸೀತು. ನಿಲ್ದಾಣದೊಳಗೆ ಅದೇ ತಕ್ಕಡಿ ಸೊನ್ನೆ ತೋರಿಸುತ್ತದೆ. ಕಾರಣವಿಷ್ಟೆ: ನಿಲ್ದಾಣ, ತಕ್ಕಡಿ, ಪೆಂಟೆ ಮೂರೂ ಒಟ್ಟಿಗೆ ಬೀಳುತ್ತಿವೆ. ಸೆಕೆಂಡಿಗೆ ಸುಮಾರು 7.66 ಕಿ.ಮೀ. ವೇಗದಲ್ಲಿ ಅಡ್ಡಲಾಗಿ ಓಡುತ್ತಿರುವುದರಿಂದ, ಬೀಳುತ್ತ ಬೀಳುತ್ತಲೇ ಅವು ಭೂಮಿಯನ್ನು ಸುತ್ತುತ್ತವೆ, ನೆಲ ಮುಟ್ಟುವುದಿಲ್ಲ.

ಬೀಳುವಾಗ ಭಾರವಿಲ್ಲ ಎಂಬುದನ್ನು ನೋಡಲು ದೂರ ಹೋಗಬೇಕಿಲ್ಲ. ಸಹ್ಯಾದ್ರಿಯಲ್ಲಿ ಹುಟ್ಟಿ ಬರುವ ಘಟಪ್ರಭೆ ಗೋಕಾಕದಲ್ಲಿ ಸುಮಾರು 52 ಮೀಟರು ಧುಮುಕುತ್ತಾಳೆ. ಗಾಳಿಯ ತಡೆಯನ್ನು ಬಿಟ್ಟು ಲೆಕ್ಕ ಹಾಕಿದರೆ ಒಂದು ಹನಿ ತಳ ಸೇರಲು ಮೂರೂಕಾಲು ಸೆಕೆಂಡು ಬೇಕು. ಆ ಮೂರೂಕಾಲು ಸೆಕೆಂಡು ಆ ಹನಿಯೂ ಗಗನಯಾತ್ರಿಯೇ. ಜರ್ಮನಿಯ ಬ್ರೆಮೆನ್ ನಗರದಲ್ಲಿ ವಿಜ್ಞಾನಿಗಳು ಗಾಳಿ ತೆಗೆದ ಕೊಳವೆಯೊಳಗೆ ಪ್ರಯೋಗದ ಪೆಟ್ಟಿಗೆಯನ್ನು 110 ಮೀಟರು ಬೀಳಿಸಿ 4.7 ಸೆಕೆಂಡುಗಳ ಭಾರಹೀನತೆ ಪಡೆಯುತ್ತಾರೆ. ವಿಮಾನವನ್ನು ಕಲ್ಲೆಸೆತದ ಹಾದಿಯಲ್ಲಿ ಹಾರಿಸಿದರೆ 20 ಸೆಕೆಂಡಿನಷ್ಟು ದೊರೆಯುತ್ತದೆ. ಬೆಂಕಿಯ ಜ್ವಾಲೆಯನ್ನೋ ದ್ರವದ ಹನಿಯನ್ನೋ ಅಭ್ಯಸಿಸಲು ಇಷ್ಟು ಸಾಕು, ಮೊಳಕೆಗೆ ಸಾಲದು. ಮೊಳಕೆಗೆ ದಿನಗಳು ಬೇಕು.

ಆದುದರಿಂದ ಸಸ್ಯ ವಿಜ್ಞಾನಿಗಳು ಬೇರೊಂದು ಉಪಾಯ ಹೂಡಿದರು. ನನಗೆ ಅತ್ಯಂತ ಪ್ರಿಯವಾದ ಪ್ರಯೋಗವಿದು. 1806ರಲ್ಲಿ ಇಂಗ್ಲೆಂಡಿನ ಥಾಮಸ್ ಆಂಡ್ರ್ಯೂ ನೈಟ್ ಎಂಬ ತೋಟಗಾರಿಕಾ ತಜ್ಞ ತನ್ನ ತೋಟದ ಹಳ್ಳದ ನೀರಿನಿಂದ ತಿರುಗುವ ಚಕ್ರಕ್ಕೆ ಅವರೆಯ ಜಾತಿಯ ಬೀಜಗಳನ್ನು ಕಟ್ಟಿ ಮೊಳೆಯಲು ಬಿಟ್ಟ. ನೆಟ್ಟಗೆ ನಿಲ್ಲಿಸಿದ ಚಕ್ರದಲ್ಲಿ ಬೇರುಗಳೆಲ್ಲ ಹೊರಮುಖವಾಗಿಯೂ ಕುಡಿಗಳೆಲ್ಲ ಚಕ್ರದ ನಡುವಿನತ್ತಲೂ ಬೆಳೆದವು. ಚಕ್ರವನ್ನು ರಾಗಿಕಲ್ಲಿನಂತೆ ಮಲಗಿಸಿ ನಿಮಿಷಕ್ಕೆ 80 ಸುತ್ತು ತಿರುಗಿಸಿದಾಗ ಬೇರುಗಳು ಹೊರಕ್ಕೂ ಅಲ್ಲ, ಕೆಳಕ್ಕೂ ಅಲ್ಲ, ಸರಿಯಾಗಿ ಮಧ್ಯೆ 45 ಅಂಶದ ಓರೆಯಲ್ಲಿ ಇಳಿದವು. ಆ ವೇಗದಲ್ಲಿ ಸುಮಾರು 11 ಅಂಗುಲ ವ್ಯಾಸದ ಚಕ್ರದ ಅಂಚಿನ ಎಸೆತ ಭೂಮಿಯ ಸೆಳೆತಕ್ಕೆ ಸಮವಾಗುತ್ತದೆ. ಗಣಿತ ಬಲ್ಲ ವಿದ್ಯಾರ್ಥಿಗಳು ಲೆಕ್ಕ ಮಾಡಿ ನೋಡಿರಿ. ಕೃತಕ ಗುರುತ್ವ ಹುಟ್ಟಿದ್ದು ರಾಕೆಟ್ಟಿನಲ್ಲಲ್ಲ, ನೀರಿನ ಚಕ್ರದಲ್ಲಿ!

ಇದಕ್ಕೆ ವಿರುದ್ಧವಾದ ಯಂತ್ರವನ್ನು ಜರ್ಮನಿಯ ಸಸ್ಯಶಾಸ್ತ್ರಜ್ಞ ಜೂಲಿಯಸ್ ಸಾಕ್ಸ್ 19ನೇ ಶತಮಾನದ ಕೊನೆಯ ಭಾಗದಲ್ಲಿ ರೂಪಿಸಿದ. ಅದರ ಹೆಸರು ಕ್ಲೈನೋಸ್ಟಾಟ್. ಗಡಿಯಾರದ ಯಂತ್ರದಿಂದ ಸಸಿಯನ್ನು ಅಡ್ಡಲಾಗಿ, ನಿಧಾನವಾಗಿ ಉರುಳಿಸುತ್ತ ಹೋದರೆ ಯಾವ ಮಗ್ಗುಲೂ ಬಹಳ ಹೊತ್ತು ಕೆಳಗಿರುವುದಿಲ್ಲ. ಸಸಿಗೆ ದಿಕ್ಕು ತಿಳಿಯದೆ ಬೇರು ನೇರವಾಗಿಯೇ ಬೆಳೆಯುತ್ತದೆ. ಇಲ್ಲಿ ಸೆಳೆತ ಇಲ್ಲವಾಗುವುದಿಲ್ಲ, ಸಸಿಯನ್ನು ಗೊಂದಲಗೊಳಿಸಲಾಗುತ್ತದೆ ಅಷ್ಟೆ. ಈ ವ್ಯತ್ಯಾಸವಿರುವುದರಿಂದಲೇ ಬಾಹ್ಯಾಕಾಶದ ಪ್ರಯೋಗ ಇಂದಿಗೂ ಬೇಕಾಗಿದೆ.

ಬೇರು ದಿಕ್ಕನ್ನು ಅರಿಯುವುದು ಹೇಗೆ? ಬೇರಿನ ತುದಿಗೆ ಟೋಪಿಯಂತೆ ಹೊದ್ದಿರುವ ಭಾಗದ ಜೀವಕೋಶಗಳಲ್ಲಿ ಪಿಷ್ಟದ ಕಣಗಳಿವೆ. ಅವು ತಂಬಿಗೆಯ ತಳಕ್ಕಿಳಿದ ಮರಳಿನಂತೆ ಕೋಶದ ತಳಕ್ಕೆ ಇಳಿಯುತ್ತವೆ. ಬೇರು ಅಡ್ಡಲಾದರೆ ಕಣಗಳು ಹೊಸ ತಳಕ್ಕೆ ಜಾರುತ್ತವೆ. ಆಕ್ಸಿನ್ ಎಂಬ ಬೆಳವಣಿಗೆಯ ರಸ ಕೆಳಮಗ್ಗುಲಿಗೆ ಹೆಚ್ಚು ಹರಿಯುತ್ತದೆ. ಕಾಂಡದಲ್ಲಿ ಅದು ಬೆಳವಣಿಗೆಯನ್ನು ಹೆಚ್ಚಿಸುತ್ತದೆ, ಬೇರಿನಲ್ಲಿ ಕುಂಠಿತಗೊಳಿಸುತ್ತದೆ. ಒಂದೇ ರಸದಿಂದ ಒಂದು ಏಳುತ್ತದೆ, ಇನ್ನೊಂದು ಇಳಿಯುತ್ತದೆ.

ಇನ್ನು ನಮ್ಮವರ ಪ್ರಯತ್ನಗಳು. 2024ರ ಡಿಸೆಂಬರ್ 30ರಂದು ಹಾರಿದ ಪಿ.ಎಸ್.ಎಲ್.ವಿ. ರಾಕೆಟ್ಟಿನ ಕೊನೆಯ ಹಂತದಲ್ಲಿ ಇಸ್ರೋ ಎಂಟು ಅಲಸಂದೆ ಬೀಜಗಳನ್ನಿರಿಸಿತ್ತು. ಅವು ನಾಲ್ಕು ದಿನಗಳಲ್ಲಿ ಮೊಳೆತವು, ಮುಂದೆ ಎಲೆಯನ್ನೂ ಬಿಟ್ಟವು. 2025ರ ಜೂನ್ 25ರಂದು ಶುಭಾಂಶು ಶುಕ್ಲಾ ಅವರು ಆಕ್ಸಿಯಮ್-4 ಯಾನದಲ್ಲಿ ನಿಲ್ದಾಣಕ್ಕೆ ತೆರಳಿದರು. ಅವರೊಡನೆ ಹೋದ ಹೆಸರುಕಾಳು ಮತ್ತು ಮೆಂತ್ಯದ ಪ್ರಯೋಗ ನಮ್ಮ ಧಾರವಾಡದ್ದು. ಕೃಷಿ ವಿಶ್ವವಿದ್ಯಾಲಯದ ರವಿಕುಮಾರ ಹೊಸಮನಿ ಮತ್ತು ಧಾರವಾಡ ಐ.ಐ.ಟಿ.ಯ ಸುಧೀರ್ ಸಿದ್ದಾಪುರೆಡ್ಡಿ ಅವರು ಅದನ್ನು ರೂಪಿಸಿದರು. ಕಾಳುಗಳು ಅಲ್ಲಿ ಮೊಳೆತವು. ಶುಕ್ಲಾ ಅವರು ಅವುಗಳ ಚಿತ್ರ ತೆಗೆದು ಅತಿಶೀತಲ ಪೆಟ್ಟಿಗೆಯಲ್ಲಿರಿಸಿದರು. ಜುಲೈ 15ರಂದು ನೌಕೆ ಸಮುದ್ರಕ್ಕಿಳಿಯಿತು. ಮೊಳಕೆಯ ಪೋಷಕಾಂಶ, ಅದರ ಮೇಲಿನ ಸೂಕ್ಷ್ಮಜೀವಿಗಳು, ವಂಶವಾಹಿಗಳಲ್ಲಿ ಆಗಬಹುದಾದ ಬದಲಾವಣೆ, ಇವು ಅಧ್ಯಯನದ ವಿಷಯಗಳು. ಯಂತ್ರವಿಲ್ಲದೆ, ಒಲೆಯಿಲ್ಲದೆ ಎರಡು ಮೂರು ದಿನಗಳಲ್ಲಿ ತಿನ್ನಲು ಸಿದ್ಧವಾಗುವ ತಾಜಾ ಆಹಾರ ಮೊಳಕೆಯೇ ಅಲ್ಲವೇ? ನಮ್ಮ ಅಡುಗೆಮನೆಯ ತಾಯಂದಿರಿಗೆ ಇದನ್ನು ಹೇಳಿಕೊಡಬೇಕಾಗಿಲ್ಲ.

ಆ ಯಾನಕ್ಕೆ ದೇಶ ಸುಮಾರು 550 ಕೋಟಿ ರೂಪಾಯಿ ತೆತ್ತಿತೆಂದು ವರದಿಯಾಯಿತು. ಕೆರೆಯ ಹೂಳೆತ್ತಲು ಹಣವಿಲ್ಲದಾಗ ಇದೇಕೆ ಎಂದು ರೈತರು ಕೇಳಿದರೆ ಅದು ಅಜ್ಞಾನದ ಪ್ರಶ್ನೆಯಲ್ಲ. ಆ ಹಣ ವ್ಯಯವಾದುದು ಮುಖ್ಯವಾಗಿ ಮಾನವಯಾನದ ಅನುಭವ ಗಳಿಸಲು, ಹೆಸರುಕಾಳಿಗಾಗಿ ಅಲ್ಲ. ಹೋಗುವ ನೌಕೆಯಲ್ಲಿ ಒಂದು ಬೊಗಸೆ ಜಾಗ ಸಿಕ್ಕಾಗ ಧಾರವಾಡದವರು ಒಳ್ಳೆಯ ಪ್ರಶ್ನೆಯನ್ನೇ ಕಳುಹಿಸಿದರು ಎಂಬುದು ನನ್ನ ಅಭಿಪ್ರಾಯ. ಆದರೆ ಇದರಿಂದ ನಾಳೆಯೇ ಇಳುವರಿ ಹೆಚ್ಚುತ್ತದೆಂದು ಯಾರೂ ಆಸೆ ಹುಟ್ಟಿಸಬಾರದು. ‘ಬಾಹ್ಯಾಕಾಶದ ಬೀಜ’ ಎಂದು ಪ್ಯಾಕೆಟ್ ಹಿಡಿದು ಯಾರಾದರೂ ನಿಮ್ಮ ಊರಿಗೆ ಬಂದರೆ ದಯವಿಟ್ಟು ಕೊಳ್ಳಬೇಡಿರಿ.

ನಮಗೆ ಹತ್ತಿರದ ಪಾಠ ನೀರಿನದು. ಅಲ್ಲಿ ನೀರು ಕೆಳಗೆ ಬಸಿಯುವುದಿಲ್ಲ. ಬೇರನ್ನು ಪೊರೆಯಂತೆ ಸುತ್ತಿಕೊಂಡು ಗಾಳಿಯನ್ನು ತಡೆಯುತ್ತದೆ, ಬೇರು ಉಸಿರುಗಟ್ಟುತ್ತದೆ. ಘಟಪ್ರಭಾ ಕಾಲುವೆಯ ಕೆಳಗೆ ಅತಿಯಾಗಿ ನೀರುಣಿಸಿ ಜೌಗಾದ ಎರೆಹೊಲದ ಬೇರಿನ ಸ್ಥಿತಿಯೂ ಇದೇ. ಬಸಿಗಾಲುವೆ ತೋಡುವಾಗ ನಾವು ಗುರುತ್ವವನ್ನೇ ಆಳಾಗಿ ದುಡಿಸಿಕೊಳ್ಳುತ್ತೇವೆ, ಕೂಲಿ ಕೊಡದೆ.

ವಿದ್ಯಾರ್ಥಿಗಳಿಗೆ ಒಂದು ಕೆಲಸ. ನೆನೆಸಿದ ಹೆಸರುಕಾಳನ್ನು ಒದ್ದೆ ಕಾಗದಕ್ಕೂ ಗಾಜಿಗೂ ನಡುವೆ ಇಟ್ಟು, ಗಾಜನ್ನು ನೆಟ್ಟಗೆ ನಿಲ್ಲಿಸಿರಿ. ಬೇರು ಅಂಗುಲದಷ್ಟಾದ ಮೇಲೆ ಅರ್ಧದಷ್ಟು ಮೊಳಕೆಗಳ ಬೇರಿನ ತುದಿಯನ್ನು ಒಂದು ಮಿಲಿಮೀಟರಿನಷ್ಟು ಮಾತ್ರ ಹರಿತ ಬ್ಲೇಡಿನಿಂದ ಕತ್ತರಿಸಿರಿ, ಗುರುಗಳು ಜೊತೆಗಿರಲಿ. ಬೇರುಗಳು ಅಡ್ಡಲಾಗುವಂತೆ ಗಾಜನ್ನು ಕಾಲು ಸುತ್ತು ತಿರುಗಿಸಿ, ಬೆಳಕು ಬೀಳದ ಪೆಟ್ಟಿಗೆಯಲ್ಲಿಡಿರಿ. ಮರುದಿನ ಬೆಳಿಗ್ಗೆ ಯಾವ ಬೇರು ಬಾಗಿದೆ, ಯಾವುದು ದಾರಿ ತಿಳಿಯದೆ ಅಡ್ಡಲಾಗಿಯೇ ಬೆಳೆದಿದೆ ಎಂದು ಕೋನಮಾಪಕದಿಂದ ಅಳೆದು ನೋಟ್‌ಬುಕ್ಕಿನಲ್ಲಿ ಬರೆದುಕೊಳ್ಳಿರಿ. ಕನಿಷ್ಠ ಇಪ್ಪತ್ತು ಕಾಳುಗಳಾದರೂ ಇರಲಿ, ಒಂದೆರಡು ಮೊಳೆಯದೆ ಹೋಗುತ್ತವೆ.