ನಮ್ಮ ಬೀದಿಯ ಚೆರ್ರಿ



ಯಲಹಂಕ, ಹೆಬ್ಬಾಳ, ಯಶವಂತಪುರ, ಆರ್.ಟಿ. ನಗರ - ಈ ಭಾಗದ ರಸ್ತೆಗಳಲ್ಲಿ ಕೊಡೆಯಂತೆ ಹರಡಿದ ಗಸಗಸೆ ಹಣ್ಣಿನ ಮರವನ್ನು ನೀವು ನೋಡಿಯೇ ಇರುತ್ತೀರಿ. ಕೊಂಬೆ ಬಗ್ಗಿಸಿ ಕೆಂಪು ಹಣ್ಣು ಕಿತ್ತು ತಿಂದೂ ಇರಬಹುದು. ಇದಕ್ಕೆ ಸಿಂಗಪುರ ಚೆರ್ರಿ ಎಂಬ ಹೆಸರೂ ಉಂಟು. ಹಾಗಾದರೆ ಕಾಶ್ಮೀರದಿಂದ ಪೆಟ್ಟಿಗೆಗಳಲ್ಲಿ ಬರುವ ಸಿಹಿ ಚೆರ್ರಿಯೂ ನಮ್ಮ ಮನೆಯಂಗಳದಲ್ಲಿ ಬೆಳೆದೀತೇ?

ಸಸಿ ನೆಟ್ಟರೆ ಎಲೆ ಬಿಡಬಹುದು; ಹಣ್ಣಿನ ಆಸೆ ಮಾತ್ರ ಇಟ್ಟುಕೊಳ್ಳುವಂತಿಲ್ಲ. ಸಿಹಿ ಚೆರ್ರಿ, ಅಂದರೆ ಪ್ರೂನಸ್ ಏವಿಯಂ, ಗುಲಾಬಿಯ ಕುಟುಂಬಕ್ಕೆ ಸೇರಿದ ಶೀತವಲಯದ ಮರ. ಚಳಿಗಾಲದಲ್ಲಿ ಅದು ಎಲೆ ಉದುರಿಸಿ ನಿದ್ರಿಸುತ್ತದೆ. ಸುಮಾರು 7 ಡಿಗ್ರಿ ಸೆಲ್ಸಿಯಸ್‌ಗಿಂತ ಕೆಳಗಿನ ಚಳಿಯನ್ನು ಸಾಕಷ್ಟು ಗಂಟೆಗಳ ಕಾಲ ಉಂಡ ಮೇಲೆಯೇ ಅದರ ಮೊಗ್ಗು ಸರಿಯಾಗಿ ಎಚ್ಚರಗೊಳ್ಳುವುದು. ಹಲವು ತಳಿಗಳಿಗೆ ಸಾವಿರ ಗಂಟೆಯ ಆಸುಪಾಸಿನಷ್ಟು ಚಳಿ ಬೇಕು. ಕಡಿಮೆ ಚಳಿ ಸಾಕೆನ್ನುವ ತಳಿಗಳಿಗೂ ಕೆಲವು ನೂರು ಗಂಟೆ ಬೇಕು.

ಈಗ ನಮ್ಮ ಊರಿನ ಲೆಕ್ಕ ನೋಡೋಣ. ಬೆಂಗಳೂರಿನಲ್ಲಿ ದಾಖಲಾದ ಅತಿ ಕಡಿಮೆ ಉಷ್ಣಾಂಶ 7.8 ಡಿಗ್ರಿ, ಅದು 1884ರ ಜನವರಿಯ ಮಾತು. ಅತ್ಯಂತ ಚಳಿಯ ಆ ದಿನವೂ ಚೆರ್ರಿಯ ಲೆಕ್ಕಕ್ಕೆ ಸೇರುವುದಿಲ್ಲ!

ಮತ್ತೊಂದು ತೊಡಕು ಪರಾಗಸ್ಪರ್ಶದ್ದು. ಬಹುತೇಕ ಸಿಹಿ ಚೆರ್ರಿ ತಳಿಗಳು ತಮ್ಮದೇ ಪರಾಗದಿಂದ ಕಾಯಿ ಕಟ್ಟುವುದಿಲ್ಲ. ಹೊಂದುವ ಬೇರೊಂದು ತಳಿ ಹತ್ತಿರದಲ್ಲಿರಬೇಕು. ಕೆನಡಾದಲ್ಲಿ 1968ರಲ್ಲಿ ಬಿಡುಗಡೆಯಾದ 'ಸ್ಟೆಲ್ಲಾ' ತಳಿ ಒಂಟಿಯಾಗಿಯೂ ಫಲ ಕೊಡುತ್ತದೆ. ಆದರೆ ಚಳಿಯಿಲ್ಲದೆ ಅದಕ್ಕೂ ಆಗದು.

ನಮ್ಮ ಗಸಗಸೆ ಮರದ ಸ್ವಭಾವವೇ ಬೇರೆ. ಇದು ಮುಂಟಿಂಜಿಯಾ ಕ್ಯಾಲಬೂರ. ಅಮೆರಿಕದ ಉಷ್ಣವಲಯದಿಂದ ಬಂದದ್ದು, ಚೆರ್ರಿಯ ನೆಂಟನಲ್ಲ. ಚೆರ್ರಿಯೊಳಗೆ ಒಂದೇ ಗಟ್ಟಿ ಓಟೆ; ಇದರೊಳಗೆ ಗಸಗಸೆಯಂಥ ಸಾವಿರಾರು ಬೀಜ. ಬಡ ಮಣ್ಣು, ರಸ್ತೆಯ ಧೂಳು ಎರಡನ್ನೂ ಸಹಿಸಿ, ಸುಮಾರು ಎರಡು ವರ್ಷಕ್ಕೇ ಫಲ ಬಿಡುತ್ತದೆ. ಹಣ್ಣು ಬಲು ಮೆತ್ತಗಿರುವುದರಿಂದ ಸಂತೆಗೆ ಸಾಗಿಸುವಂತಿಲ್ಲ. ಬೆಲೆಯಿಲ್ಲವೆಂದು ಕಡಿಯಲು ಹೊರಟವರಿಗೆ ಒಂದು ಮಾತು ಹೇಳಿ: ಬೆಲೆಯಿಲ್ಲದ ಈ ಹಣ್ಣೇ ಹಕ್ಕಿಗಳಿಗೆ, ಬಾವಲಿಗಳಿಗೆ, ಹಸಿದು ಮನೆಗೆ ಮರಳುವ ಮಕ್ಕಳಿಗೆ ಆಹಾರ.

ಹಾಗೆಂದು ಎಲ್ಲೆಡೆ ಇದನ್ನೇ ನೆಡಬೇಕೆಂದಲ್ಲ. ಹಕ್ಕಿಗಳು ಬೀಜ ಹರಡಿ ಇದು ತಾನೇ ಹುಟ್ಟಿಕೊಳ್ಳುತ್ತದೆ. ಕೊಂಬೆಗಳು ಅಗಲಕ್ಕೆ ಚಾಚುತ್ತವೆ. ವಿದ್ಯುತ್ ತಂತಿಯ ಕೆಳಗೆ ಬೇಡ. ಹೊಂಗೆ, ನೇರಳೆಗಳಿಗೂ ಜಾಗವಿರಲಿ.

ಸಸಿ ಕೊಳ್ಳುವಾಗ ಹೆಸರೊಂದನ್ನೇ ಕೇಳಬೇಡಿ. ಅದಕ್ಕೆ ಎಂಥ ಚಳಿ, ಎಂಥ ಮಳೆ, ಎಂಥ ಜೊತೆ ಬೇಕೆಂದು ಕೇಳಿ. ಇಲ್ಲವಾದರೆ ಹಣದ ಜೊತೆಗೆ ವರ್ಷಗಳೂ ವ್ಯರ್ಥವಾದಾವು.

ನಾಳೆ ಬೆಳಿಗ್ಗೆ ಗಸಗಸೆ ಮರದ ಕೆಳಗೆ ಒಂದು ಕ್ಷಣ ನಿಲ್ಲಿ. ಬಿಳಿ ಹೂವು ಎಲೆಯ ಮೇಲೆ ತಲೆಯೆತ್ತಿರುತ್ತದೆ, ಹಣ್ಣು ಎಲೆಯ ಕೆಳಗೆ ತೂಗುತ್ತಿರುತ್ತದೆ. ಏಕಿರಬಹುದು? ಯೋಚಿಸಿ ನೋಡಿ.