ಶ್ರಾವಣದ ಮೂರನೆಯ ರಾತ್ರಿ



ಆಷಾಢದ ಅಮಾವಾಸ್ಯೆ ನಮ್ಮವರಿಗೆ ಭೀಮನ ಅಮಾವಾಸ್ಯೆ. ಗಂಡನ ಆಯುಸ್ಸು ಹೆಚ್ಚಲಿ ಎಂದು ಹೆಂಡತಿ ದೀಪದ ಕಂಬಗಳನ್ನಿಟ್ಟು ಪೂಜಿಸುವ ದಿನ. ಇಲ್ಲಿ ಠಾಣೆ, ಕಲ್ಯಾಣ, ಡೊಂಬಿವಲಿಗಳಲ್ಲಿ ಅದೇ ದಿನಕ್ಕೆ ‘ಗಟಾರಿ’ ಎಂಬ ಹೆಸರೂ ಇದೆ. ನಾಳೆಯಿಂದ ಶ್ರಾವಣ, ಒಂದು ತಿಂಗಳು ಮುಟ್ಟುವಂತಿಲ್ಲ, ಹಾಗಾಗಿ ಇವತ್ತೇ ಹೊಟ್ಟೆ ತುಂಬ! ಗಟಾರಿಯ ಗದ್ದಲ ನಿಮಗೆಲ್ಲ ಗೊತ್ತು. ನಾನು ಹೇಳಬೇಕೆಂದಿರುವುದು ಅದರ ನಂತರದ ಮೂರು ದಿನಗಳ ಮಾತು.

ಡೊಂಬಿವಲಿಯಲ್ಲಿರುವ ನನ್ನ ಸೋದರಮಾವ ಇಪ್ಪತ್ತು ವರ್ಷ ದಿನಾ ಕುಡಿದವರು. ‘ನನಗೆ ಏರೋದೇ ಇಲ್ಲ ಮಾರಾಯ’ ಎಂಬುದು ಅವರ ಹೆಮ್ಮೆ. ಒಂದು ವರ್ಷ ಅತ್ತೆಯ ಕಣ್ಣೀರಿಗೆ ಕರಗಿ ಶ್ರಾವಣದ ಮೊದಲ ದಿನವೇ ಪೂರ್ತಿ ಬಿಟ್ಟರು. ನಮಗೆಲ್ಲ ಖುಷಿಯೋ ಖುಷಿ. ಮಾರನೆಯ ದಿನ ಚಹಾದ ಕಪ್ಪು ಹಿಡಿಯಲಾಗದಷ್ಟು ಕೈ ನಡುಗಿತು. ಮೂರನೆಯ ರಾತ್ರಿ ಮೈಯೆಲ್ಲ ಬೆವರು. ಗೋಡೆಯ ಮೇಲೆ ಇಲ್ಲದ ಇರುವೆಗಳನ್ನು ಒರೆಸುತ್ತ ಕುಳಿತರು, ನನ್ನನ್ನು ತೀರಿಹೋದ ಅಜ್ಜನೆಂದು ಭಾವಿಸಿ ಮಾತಾಡಿಸಿದರು. ಅತ್ತೆ ದೃಷ್ಟಿ ತೆಗೆಯಲು ಉಪ್ಪು, ಮೆಣಸಿನಕಾಯಿ ಹಿಡಿದು ಬಂದರು. ಪುಣ್ಯಕ್ಕೆ ಪಕ್ಕದ ಮನೆಯಲ್ಲಿ ನರ್ಸ್ ಒಬ್ಬರಿದ್ದರು. ‘ಈಗಲೇ ಆಸ್ಪತ್ರೆಗೆ ಹೊರಡಿ’ ಎಂದು ರಿಕ್ಷಾ ತರಿಸಿದರು.

ಆದದ್ದೇನು? ಮದ್ಯ ಮಿದುಳಿಗೆ ಬ್ರೇಕು ಇದ್ದ ಹಾಗೆ. ದಿನವೂ ಬ್ರೇಕು ಬೀಳುತ್ತಿದ್ದರೆ ಮಿದುಳು ಅದಕ್ಕೆ ಸರಿಯಾಗಿ ಆಕ್ಸಿಲರೇಟರ್ ಒತ್ತುವುದನ್ನು ಕಲಿಯುತ್ತದೆ. ಮಾವನಿಗೆ ‘ಏರದೆ’ ಇದ್ದದ್ದು ಅದರಿಂದಲೇ ಹೊರತು ಲಿವರ್ ಗಟ್ಟಿಯಿದ್ದುದರಿಂದಲ್ಲ. ಕುಡಿತ ಒಮ್ಮೆಲೇ ನಿಂತಾಗ ಬ್ರೇಕು ಹೋಗಿ ಆಕ್ಸಿಲರೇಟರ್ ಮಾತ್ರ ಉಳಿಯಿತು. ಕೊನೆಯ ಗ್ಲಾಸಿನ ನಂತರ ಕೆಲವೇ ಗಂಟೆಗಳಲ್ಲಿ ನಡುಕ ಶುರುವಾಗುತ್ತದೆ. ಮೊದಲೆರಡು ದಿನಗಳಲ್ಲಿ ಕೆಲವರಿಗೆ ಫಿಟ್ಸ್ ಬರುತ್ತದೆ. ಸುಮಾರು 48ರಿಂದ 96 ಗಂಟೆಗಳ ನಡುವೆ ಈ ಭ್ರಮೆ. ವೈದ್ಯರು ಡೆಲಿರಿಯಂ ಟ್ರೆಮೆನ್ಸ್ ಎನ್ನುತ್ತಾರೆ. ಚಿಕಿತ್ಸೆ ಸಿಗದಿದ್ದರೆ ಜೀವಕ್ಕೇ ಅಪಾಯ.

ಆಸ್ಪತ್ರೆಯಲ್ಲಿ ಮಿದುಳನ್ನು ಮೆಲ್ಲಗೆ ಶಾಂತಗೊಳಿಸುವ ಔಷಧಿಯ ಜತೆಗೆ ಬಿ1 ಜೀವಸತ್ವದ ಇಂಜೆಕ್ಷನ್ ಕೊಟ್ಟರು. ವರ್ಷಗಟ್ಟಲೆ ಕುಡಿದವರಲ್ಲಿ ಅದು ಬರಿದಾಗಿರುತ್ತದಂತೆ, ಕೊರತೆ ಮುಂದುವರಿದರೆ ಜ್ಞಾಪಕಶಕ್ತಿಯೇ ಹೋಗಬಹುದು.

ಬಿಡಬೇಡಿ ಎಂದು ನಾನು ಹೇಳುತ್ತಿಲ್ಲ, ದಯವಿಟ್ಟು ಹಾಗೆ ತಿಳಿಯಬೇಡಿ. ಕೊಬ್ಬು ತುಂಬಿದ ಲಿವರ್ ಕುಡಿತ ಬಿಟ್ಟ ಕೆಲವು ವಾರಗಳಲ್ಲೇ ಸುಧಾರಿಸಿಕೊಳ್ಳುತ್ತದೆ. ಅದು ಕಲೆಗಟ್ಟಿ ಗಡುಸಾಗುವ ಸಿರೋಸಿಸ್ ಹಂತ ಮುಟ್ಟಿದರೆ ಹಿಂದಕ್ಕೆ ಬರುವುದು ಕಷ್ಟ. ಆದರೆ ನಿಮ್ಮ ಮನೆಯಲ್ಲಿ ಬೆಳಗ್ಗೆ ಎದ್ದಾಗ ಕೈ ನಡುಗುವವರು, ನಡುಕ ನಿಲ್ಲಲು ಒಂದು ಗುಟುಕು ಬೇಕೆನ್ನುವವರು ಇದ್ದರೆ ಶಪಥಕ್ಕೆ ಮೊದಲು ವೈದ್ಯರನ್ನು ಕಾಣಿಸಿ. ಬಾಗಿಲು ಹಾಕಿ ಕೂಡಿಹಾಕಬೇಡಿ. ಯಾರನ್ನು ಕೇಳುವುದೆಂದು ತಿಳಿಯದಿದ್ದರೆ 2022ರಲ್ಲಿ ಕೇಂದ್ರ ಸರ್ಕಾರ ಆರಂಭಿಸಿದ ಟೆಲಿ ಮಾನಸ್ ಇದೆ, ಸಂಖ್ಯೆ 14416. ಕನ್ನಡವೂ ಅಲ್ಲಿನ ಭಾಷೆಗಳಲ್ಲೊಂದು. ಫಿಟ್ಸ್ ಅಥವಾ ಭ್ರಮೆ ಕಂಡರೆ ಮಾತ್ರ ಫೋನು ಮಾಡುತ್ತ ಕೂರದೆ ನೇರ ಆಸ್ಪತ್ರೆಗೆ.

ಮಾವ ಈಗ ಕುಡಿಯುವುದಿಲ್ಲ. ಆ ರಾತ್ರಿ ಅವರಿಗೆ ಒಂದಿಷ್ಟೂ ನೆನಪಿಲ್ಲ. ಅತ್ತೆ ಇರುವೆಯ ಮಾತೆತ್ತಿದರೆ, ‘ಇವಳು ಕಟ್ಟಿದ ಕತೆ’ ಎಂದು ನನ್ನತ್ತ ನೋಡುತ್ತಾರೆ.